ವಿದ್ಯುತ್ತಿಗೆ ಲೆಕ್ಕ ಹಾಕಿದವನು

1889ನೆಯ ಇಸವಿ ಜೂನ್ ತಿಂಗಳ ಮೊದಲನೆಯ ದಿನ ಫ್ರಾನ್ಸಿನ ಹಡಗೊಂದು ನ್ಯೂಯಾರ್ಕಿನ ಬಂದರಿಗೆ ಬಂದು ಸೇರಿತು. ಹೊಸ ನಾಡಿನಲ್ಲಿ ಬದುಕನ್ನು ಅರಸಿ ಬಂದಿದ್ದ ನೂರಾರು ಬಡಜನ ಅದರ ಕೆಳದರ್ಜೆಯಲ್ಲಿದ್ದರು. ಅವರ ನಡುವೆ ಇಪ್ಪತ್ತನಾಲ್ಕು ವರ್ಷದ ಒಬ್ಬ ತರುಣನಿದ್ದನು. ಎತ್ತರ ಹೆಚ್ಚೆಂದರೆ ನಾಲ್ಕು ಅಡಿ, ಬೆನ್ನು ಹುಟ್ಟಿನಿಂದಲೇ ಗೂನಾಗಿತ್ತು, ನಡಿಗೆಯಲ್ಲಿ ಸಮತೋಲವಿರಲಿಲ್ಲ. ಕೈಯಲ್ಲಿ ಹಣವಿಲ್ಲ, ಇಂಗ್ಲಿಷ್ ಭಾಷೆ ಬಾರದು. ವಲಸೆಯ ಅಧಿಕಾರಿಗಳು ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ಇಂಥವನು ದೇಶಕ್ಕೆ ಹೊರೆಯಾಗುವನೇ ಹೊರತು ಉಪಯೋಗಕ್ಕೆ ಬಾರನೆಂದು ಬಗೆದು, ಹಿಂದಕ್ಕೆ ಕಳುಹಿಸಲು ಯೋಚಿಸಿದರು. ಆಗ ಜೊತೆಯಲ್ಲಿದ್ದ ಡೆನ್ಮಾರ್ಕಿನ ಗೆಳೆಯ ಆಸ್ಕರ್ ಆಸ್ಮುಸೆನ್ ಮುಂದೆ ಬಂದು, ತನ್ನ ಬಳಿಯಿದ್ದ ಹಣವನ್ನು ತೋರಿಸಿ, ಇವನು ದೊಡ್ಡ ಗಣಿತಜ್ಞನೆಂದೂ ಇವನ ಯೋಗಕ್ಷೇಮಕ್ಕೆ ತಾನು ಹೊಣೆಯೆಂದೂ ಹೇಳಿ ಬಿಡಿಸಿಕೊಂಡನೆಂದು ಚರಿತ್ರಕಾರರು ಬರೆದಿದ್ದಾರೆ. ಹೀಗೆ ಗೆಳೆಯನ ಮಾತಿನ ಬಲದಿಂದ ಒಳಗೆ ಕಾಲಿಟ್ಟ ಆ ತರುಣನೇ ಮುಂದೆ ಚಾರ್ಲ್ಸ್ ಪ್ರೋಟಿಯಸ್ ಸ್ಟೈನ್‌ಮೆಟ್ಸ್ ಎಂಬ ಹೆಸರಿನಿಂದ ಪ್ರಸಿದ್ಧನಾದ ವಿದ್ಯುತ್ ಇಂಜಿನಿಯರು.

ಅವನು ಹುಟ್ಟಿದ್ದು 1865ನೆಯ ಏಪ್ರಿಲ್ 9ರಂದು, ಆಗಿನ ಪ್ರಷ್ಯ ದೇಶಕ್ಕೆ ಸೇರಿದ್ದ ಬ್ರೆಸ್ಲೌ ನಗರದಲ್ಲಿ. ಆ ನಗರ ಈಗ ಪೋಲೆಂಡ್ ದೇಶದಲ್ಲಿದ್ದು ಅದರ ಹೆಸರೂ ಬದಲಾಗಿದೆ. ತಂದೆ ರೈಲ್ವೆ ಇಲಾಖೆಯಲ್ಲಿ ಕಲ್ಲಚ್ಚಿನ ಕೆಲಸಗಾರ. ತಂದೆಗೂ ತಾತನಿಗೂ ಇದ್ದ ಬೆನ್ನಿನ ಗೂನು ಮಗುವಿಗೂ ಬಂದಿತ್ತು. ಒಂದು ವರ್ಷದ ಕೂಸಾಗಿದ್ದಾಗಲೇ ತಾಯಿ ತೀರಿಕೊಂಡಳು; ಅಜ್ಜಿಯ ಅಕ್ಕರೆಯಲ್ಲಿ ಹುಡುಗ ಬೆಳೆದನು. 1883ರಲ್ಲಿ ಬ್ರೆಸ್ಲೌ ವಿಶ್ವವಿದ್ಯಾನಿಲಯವನ್ನು ಸೇರಿ ಗಣಿತವನ್ನು ಮುಖ್ಯವಾಗಿ ಅಭ್ಯಾಸ ಮಾಡಿದನು. ಅಲ್ಲಿಯ ಗೆಳೆಯರು ಅವನಿಗೆ ಇಟ್ಟ ಅಡ್ಡಹೆಸರು ಪ್ರೋಟಿಯಸ್. ಗ್ರೀಕರ ಪುರಾಣದಲ್ಲಿ ಪ್ರೋಟಿಯಸ್ ಎಂಬುವನು ಕ್ಷಣಕ್ಕೊಂದು ರೂಪವನ್ನು ತಾಳುವ ಕಡಲ ಮುದುಕ. ಬಿಡದೆ ಹಿಡಿದುಕೊಂಡವನಿಗೆ ಮಾತ್ರ ತನ್ನ ಗುಟ್ಟನ್ನು ಹೇಳುವವನು.

ಆ ಕಾಲದಲ್ಲಿ ಜರ್ಮನಿಯಲ್ಲಿ ಬಿಸ್ಮಾರ್ಕನ ಆಡಳಿತ. ಸಮಾಜವಾದಿಗಳ ಸಂಘಗಳನ್ನೂ ಪತ್ರಿಕೆಗಳನ್ನೂ ನಿಷೇಧಿಸುವ ಕಾನೂನು 1878ರಿಂದ ಜಾರಿಯಲ್ಲಿತ್ತು. ತರುಣ ಸ್ಟೈನ್‌ಮೆಟ್ಸ್ ಸಮಾಜವಾದಿ ವಿದ್ಯಾರ್ಥಿಗಳ ಗುಂಪನ್ನು ಸೇರಿ, ಅವರ ಪತ್ರಿಕೆಯ ಕೆಲಸವನ್ನೂ ವಹಿಸಿಕೊಂಡನು. ಪೋಲೀಸರ ಕಣ್ಣು ಅವನ ಮೇಲೆ ಬಿದ್ದಿತು. 1888ರಲ್ಲಿ, ಡಾಕ್ಟರ್ ಪದವಿಯ ಪ್ರಬಂಧ ಮುಗಿಯುತ್ತ ಬಂದಿದ್ದಾಗ, ಬಂಧನವನ್ನು ತಪ್ಪಿಸಿಕೊಳ್ಳಲು ಅವನು ಊರನ್ನೇ ಬಿಡಬೇಕಾಯಿತು. ಪದವಿ ಕೈಗೆ ಬರಲಿಲ್ಲ. ಸ್ವಿಟ್ಸರ್ಲೆಂಡಿನ ಜ್ಯೂರಿಕ್ ನಗರದಲ್ಲಿ ಕೆಲವು ಕಾಲ ಯಂತ್ರಶಾಸ್ತ್ರವನ್ನು ಓದಿ, ಅಲ್ಲಿಂದ ಅಮೆರಿಕಕ್ಕೆ ಹೊರಟನು. ಹೊಸ ನಾಡಿನಲ್ಲಿ ಕಾರ್ಲ್ ಎಂಬ ಹುಟ್ಟುಹೆಸರನ್ನು ಚಾರ್ಲ್ಸ್ ಎಂದು ಬದಲಿಸಿಕೊಂಡಾಗ, ಹಳೆಯ ಗೆಳೆಯರ ಅಡ್ಡಹೆಸರನ್ನೂ ಅದರ ಪಕ್ಕದಲ್ಲಿ ಸೇರಿಸಿಕೊಂಡನು.

ನ್ಯೂಯಾರ್ಕಿನ ಸಮೀಪದ ಯಾಂಕರ್ಸ್ ಎಂಬ ಊರಿನಲ್ಲಿ ರುಡಾಲ್ಫ್ ಐಕ್‌ಮೇಯರ್ ಎಂಬುವನ ಕಾರ್ಖಾನೆಯಿತ್ತು. 1848ರ ಕ್ರಾಂತಿ ಸೋತ ಮೇಲೆ ಜರ್ಮನಿಯನ್ನು ತೊರೆದು ಬಂದವನು ಅವನು. ಟೋಪಿ ತಯಾರಿಸುವ ಯಂತ್ರಗಳಿಂದ ಹಣ ಗಳಿಸಿ, ಆಗತಾನೆ ವಿದ್ಯುತ್ ಮೋಟಾರುಗಳ ಕಡೆಗೆ ಮನಸ್ಸನ್ನು ತಿರುಗಿಸಿದ್ದನು. ಅವನು ಸ್ಟೈನ್‌ಮೆಟ್ಸನ ಗೂನನ್ನು ನೋಡಲಿಲ್ಲ. ಅವನೊಡನೆ ಮಾತನಾಡಿ, ವಾರಕ್ಕೆ 12 ಡಾಲರ್ ಸಂಬಳದ ಮೇಲೆ ನಕ್ಷೆ ಬರೆಯುವ ಕೆಲಸಕ್ಕೆ ನೇಮಿಸಿಕೊಂಡನು. ನಕ್ಷೆಗಾರನ ಮೇಜಿನಿಂದ ಪ್ರಯೋಗಶಾಲೆಗೆ ಹೋಗಲು ಅವನಿಗೆ ಹೆಚ್ಚು ದಿನ ಹಿಡಿಯಲಿಲ್ಲ.

ಆ ವರ್ಷಗಳಲ್ಲಿ ವಿದ್ಯುತ್ತಿನ ಪ್ರಪಂಚದಲ್ಲಿ ದೊಡ್ಡದೊಂದು ವಾದ ನಡೆದಿತ್ತು. ಎಡಿಸನ್ 1882ರಲ್ಲಿ ನ್ಯೂಯಾರ್ಕಿನಲ್ಲಿ ಸ್ಥಾಪಿಸಿದ್ದ ವಿದ್ಯುದಾಗಾರ ಕೊಡುತ್ತಿದ್ದುದು ಒಂದೇ ದಿಕ್ಕಿನಲ್ಲಿ ಹರಿಯುವ ನೇರ ಪ್ರವಾಹ. ಅದನ್ನು ಒಂದೆರಡು ಮೈಲಿಗಳಿಗಿಂತ ಆಚೆಗೆ ಲಾಭದಾಯಕವಾಗಿ ಸಾಗಿಸುವುದು ಸಾಧ್ಯವಿರಲಿಲ್ಲ. ತಂತಿಗಳು ಕಾಯ್ದು, ಶಕ್ತಿಯ ಬಹುಭಾಗ ದಾರಿಯಲ್ಲೇ ವ್ಯರ್ಥವಾಗುತ್ತಿತ್ತು. ಇದಕ್ಕೆ ಪರಿಹಾರವಿತ್ತು. ವಿದ್ಯುತ್ತಿನ ಒತ್ತಡವನ್ನು, ಎಂದರೆ ವೋಲ್ಟೇಜನ್ನು, ಹತ್ತರಷ್ಟು ಹೆಚ್ಚಿಸಿದರೆ ಅಷ್ಟೇ ಶಕ್ತಿಯನ್ನು ಒಯ್ಯಲು ಹತ್ತರಲ್ಲಿ ಒಂದು ಪಾಲು ಪ್ರವಾಹ ಸಾಕು. ಆಗ ತಂತಿಯಲ್ಲಿ ಶಾಖವಾಗಿ ಕಳೆದುಹೋಗುವ ಶಕ್ತಿ ನೂರರಲ್ಲಿ ಒಂದು ಪಾಲಿಗೆ ಇಳಿಯುತ್ತದೆ. ಒತ್ತಡವನ್ನು ಹೀಗೆ ಏರಿಸುವುದಕ್ಕೂ ಊರಿನ ಬಳಿ ಮತ್ತೆ ಇಳಿಸುವುದಕ್ಕೂ ಟ್ರಾನ್ಸ್‌ಫಾರ್ಮರ್ ಎಂಬ ಪರಿವರ್ತಕ ಬೇಕು. ಆದರೆ ಈ ಪರಿವರ್ತಕ ಕೆಲಸಮಾಡುವುದು ಸೆಕೆಂಡಿಗೆ ಹತ್ತಾರು ಬಾರಿ ಹಿಂದೆ ಮುಂದೆ ದಿಕ್ಕು ಬದಲಿಸುವ ಪರ್ಯಾಯ ಪ್ರವಾಹದಲ್ಲಿ ಮಾತ್ರ. ದೂರದ ಜಲಪಾತದಿಂದ ಊರಿಗೆ ಬೆಳಕು ಬರಬೇಕಾದರೆ ಪರ್ಯಾಯ ಪ್ರವಾಹವೇ ಗತಿಯಾಗಿತ್ತು. ತೊಡಕೆಂದರೆ, ಅದರ ನಡತೆಯನ್ನು ಮುಂಚಿತವಾಗಿ ಲೆಕ್ಕ ಹಾಕಬಲ್ಲವರು ಬೆರಳೆಣಿಕೆಯಷ್ಟು ಮಂದಿ. ಉಳಿದವರು ಯಂತ್ರವನ್ನು ಕಟ್ಟಿ ಓಡಿಸಿ ನೋಡುತ್ತಿದ್ದರು. ಮಿತಿಮೀರಿ ಕಾಯ್ದರೆ ಅದನ್ನು ಬಿಚ್ಚಿ ಇನ್ನೊಂದನ್ನು ಕಟ್ಟುತ್ತಿದ್ದರು.

ಯಂತ್ರ ಕಾಯುವುದೇಕೆ? ಇದಕ್ಕೆ ಕಾರಣ ಒಂದಲ್ಲ. ಸ್ಟೈನ್‌ಮೆಟ್ಸ್ ಮೊದಲು ಹಿಡಿದುಕೊಂಡದ್ದು ಕಬ್ಬಿಣದ ಒಂದು ವಿಚಿತ್ರ ಗುಣವನ್ನು. ಕಬ್ಬಿಣದ ತಂತಿಯೊಂದನ್ನು ಆ ಕಡೆಗೂ ಈ ಕಡೆಗೂ ಪದೇಪದೇ ಬಗ್ಗಿಸಿದರೆ ಬಗ್ಗುವ ಜಾಗ ಬಿಸಿಯಾಗುವುದನ್ನು ಯಾರು ಬೇಕಾದರೂ ಮುಟ್ಟಿ ನೋಡಬಹುದು. ಕಾಂತತ್ವದ ವಿಷಯದಲ್ಲಿಯೂ ಹೀಗೆಯೇ. ಪರ್ಯಾಯ ಪ್ರವಾಹ ಹರಿಯುವ ಸುರುಳಿಯೊಳಗಿನ ಕಬ್ಬಿಣ ಒಮ್ಮೆ ಒಂದು ದಿಕ್ಕಿಗೆ, ಮರುಕ್ಷಣ ಅದರ ವಿರುದ್ಧ ದಿಕ್ಕಿಗೆ ಕಾಂತವಾಗಬೇಕು. ಆದರೆ ಕಬ್ಬಿಣಕ್ಕೆ ಹಳೆಯ ಸ್ಥಿತಿಯನ್ನು ಬಿಡಲು ಮನಸ್ಸಿಲ್ಲ. ಅದು ಪ್ರವಾಹಕ್ಕಿಂತ ಸ್ವಲ್ಪ ಹಿಂದೆಯೇ ಉಳಿಯುತ್ತದೆ. ಈ ಎಳೆದಾಟದಲ್ಲಿ ವ್ಯಯವಾದ ಶಕ್ತಿ ಶಾಖವಾಗುತ್ತದೆ. ಟೋಕಿಯೋ ನಗರದಲ್ಲಿ ಅಧ್ಯಾಪಕನಾಗಿದ್ದ ಸ್ಕಾಟ್ಲೆಂಡಿನ ವಿಜ್ಞಾನಿ ಯೂಯಿಂಗ್ ಈ ಗುಣಕ್ಕೆ, ‘ಹಿಂದುಳಿಯುವುದು’ ಎಂಬರ್ಥದ ಗ್ರೀಕ್ ಮಾತಿನಿಂದ, ಹಿಸ್ಟೆರಿಸಿಸ್ ಎಂದು ಹೆಸರಿಟ್ಟಿದ್ದನು. ಅವನು ಅಳತೆಮಾಡಿ ಪ್ರಕಟಿಸಿದ್ದ ಅಂಕಿಗಳು ಎಲ್ಲರ ಕಣ್ಣೆದುರಿಗೇ ಇದ್ದವು. ಸ್ಟೈನ್‌ಮೆಟ್ಸ್ ಅವನ್ನು ಎದುರಿಗಿಟ್ಟುಕೊಂಡು ಕುಳಿತು, ಅವುಗಳ ಒಳಗೆ ಅಡಗಿದ್ದ ನಿಯಮವನ್ನು ಹೊರತೆಗೆದನು. ಕಬ್ಬಿಣದಲ್ಲಿಯ ಕಾಂತಾಭಿವಾಹದ ಸಾಂದ್ರತೆ ಹೆಚ್ಚಿದಂತೆ ನಷ್ಟವು ಆ ಸಾಂದ್ರತೆಯ 1.6ನೆಯ ಘಾತಕ್ಕೆ ಅನುಗುಣವಾಗಿ ಹೆಚ್ಚುತ್ತದೆ. ಸಾಂದ್ರತೆ ಎರಡರಷ್ಟಾದರೆ ನಷ್ಟ ಸುಮಾರು ಮೂರರಷ್ಟು. ಮೂರರಷ್ಟಾದರೆ ನಷ್ಟ ಹೆಚ್ಚುಕಡಿಮೆ ಆರರಷ್ಟು. ಬಳಿಕ ತಾನೇ ಅನೇಕ ಬಗೆಯ ಕಬ್ಬಿಣ ಮತ್ತು ಉಕ್ಕುಗಳನ್ನು ಪರೀಕ್ಷಿಸಿ, 1892ರ ಜನವರಿಯಲ್ಲಿ ಅಮೆರಿಕದ ವಿದ್ಯುತ್ ಇಂಜಿನಿಯರುಗಳ ಸಂಸ್ಥೆಯ ಮುಂದೆ ದೀರ್ಘವಾದ ಪ್ರಬಂಧವನ್ನು ಓದಿದನು. ಇದು ಪ್ರಕೃತಿಯ ಮೂಲನಿಯಮವಲ್ಲ, ಅಳತೆಗಳಿಂದ ಕಂಡುಕೊಂಡ ಒಂದು ಸೂತ್ರ ಮಾತ್ರ. ಆದರೂ ಯಂತ್ರ ಕಟ್ಟುವವನಿಗೆ ಬೇಕಾಗಿದ್ದುದು ಅದೇ. ಎಷ್ಟು ಕಾಯುವುದೆಂಬುದು ಇನ್ನು ಕಾಗದದ ಮೇಲೆಯೇ ತಿಳಿಯುವಂತಾಯಿತು. ಬಂದರಿನ ಬಾಗಿಲಲ್ಲಿ ನಿಂತಿದ್ದ ದಿನದಿಂದ ಆಗಿನ್ನೂ ಮೂರು ವರ್ಷವೂ ತುಂಬಿರಲಿಲ್ಲ.

1892ರಲ್ಲಿ ಜನರಲ್ ಎಲೆಕ್ಟ್ರಿಕ್ ಎಂಬ ದೊಡ್ಡ ಕಂಪನಿ ಸ್ಥಾಪನೆಯಾಯಿತು. ಅದು ಐಕ್‌ಮೇಯರನ ವಿದ್ಯುತ್ ಉದ್ಯಮವನ್ನು ಕೊಂಡುಕೊಂಡಿತು. ಸ್ಟೈನ್‌ಮೆಟ್ಸ್ ಒಬ್ಬನನ್ನು ಪಡೆಯುವುದಕ್ಕಾಗಿಯೇ ಅದು ಇಡೀ ಕಾರ್ಖಾನೆಯನ್ನು ಕೊಂಡಿತೆಂದು ಹೇಳುವುದುಂಟು. ಐಕ್‌ಮೇಯರನ ಬೆಲೆಬಾಳುವ ಪೇಟೆಂಟುಗಳ ಮೇಲೆಯೂ ಕಂಪನಿಯ ಕಣ್ಣಿತ್ತೆಂಬುದನ್ನು ಆ ಕಥೆ ಮರೆತುಬಿಡುತ್ತದೆ. ಅದು ಹೇಗೇ ಇರಲಿ, 1893ರಲ್ಲಿ ಲಿನ್ ಎಂಬ ಊರಿಗೂ ಮರುವರ್ಷ ನ್ಯೂಯಾರ್ಕ್ ರಾಜ್ಯದ ಸ್ಕೆನೆಕ್ಟಡಿ ನಗರಕ್ಕೂ ಅವನು ಕಂಪನಿಯೊಂದಿಗೆ ಬಂದನು. ಅಲ್ಲಿ ಯಂತ್ರಗಳ ಲೆಕ್ಕಾಚಾರಕ್ಕೆಂದೇ ಇದ್ದ ವಿಭಾಗಕ್ಕೆ ಮುಖ್ಯಸ್ಥನಾದನು. ಉಳಿದ ಜೀವಮಾನವೆಲ್ಲ ಸ್ಕೆನೆಕ್ಟಡಿಯಲ್ಲೇ ಕಳೆಯಿತು.

ಅವನ ಎರಡನೆಯ ಸಾಧನೆ ಮೊದಲನೆಯದಕ್ಕಿಂತಲೂ ದೊಡ್ಡದು. ಪರ್ಯಾಯ ಪ್ರವಾಹದ ಮಂಡಲದಲ್ಲಿ ಒಂದು ತೊಂದರೆಯಿದೆ. ಒಂದು ಭಾಗದಲ್ಲಿ 3 ವೋಲ್ಟು, ಮುಂದಿನ ಭಾಗದಲ್ಲಿ 4 ವೋಲ್ಟು ಇದ್ದರೆ ಒಟ್ಟು 7 ಎನ್ನುವಂತಿಲ್ಲ; ಅಳೆದು ನೋಡಿದರೆ ಕೆಲವೊಮ್ಮೆ 5 ಇರುತ್ತದೆ. ಎರಡೂ ಒಂದೇ ಕ್ಷಣದಲ್ಲಿ ಶಿಖರವನ್ನು ಮುಟ್ಟದಿರುವುದೇ ಇದಕ್ಕೆ ಕಾರಣ. ಒಂದು ಏರಿ ನಿಂತಾಗ ಇನ್ನೊಂದು ಸೊನ್ನೆಯಲ್ಲಿರಬಹುದು. ಅವನ್ನು ಒಂದಕ್ಕೊಂದು ಲಂಬವಾದ ಎರಡು ಬಾಣಗಳಂತೆ ಬರೆದರೆ, ಪೈಥಾಗೊರಸನ ಪ್ರಮೇಯದಂತೆ ಕರ್ಣದ ಉದ್ದ 5 ಆಗುತ್ತದೆ. ಬಾಣ ಎರಡಿದ್ದಾಗ ಇದು ಸುಲಭ. ಆದರೆ ಕಾರ್ಖಾನೆಯ ಒಂದು ಮೋಟಾರಿನಲ್ಲಿ, ನೂರು ಮೈಲಿಯ ಒಂದು ತಂತಿಯಲ್ಲಿ, ಇಂಥ ಎಷ್ಟೋ ಬಾಣಗಳು ಬೇರೆ ಬೇರೆ ಕೋನಗಳಲ್ಲಿ ಸೇರಿರುತ್ತವೆ. ಅವುಗಳ ಲೆಕ್ಕಕ್ಕೆ ಆಗಿನವರು ಪುಟಗಟ್ಟಲೆ ಕಲನಶಾಸ್ತ್ರವನ್ನು ಬಳಸುತ್ತಿದ್ದರು. ಅದು ಸಾಮಾನ್ಯ ಇಂಜಿನಿಯರನ ಶಕ್ತಿಗೆ ಮೀರಿದ ಮಾತಾಗಿತ್ತು.

ಗಣಿತಜ್ಞರ ಬಳಿ ಬಹುಕಾಲದಿಂದ ಒಂದು ಸಂಖ್ಯೆಯಿತ್ತು. ಅದು ಋಣ ಒಂದರ ವರ್ಗಮೂಲ. ಯಾವ ಸಂಖ್ಯೆಯನ್ನು ಅದರಿಂದಲೇ ಗುಣಿಸಿದರೂ ಋಣಸಂಖ್ಯೆ ಬಾರದಾದ್ದರಿಂದ ಅದಕ್ಕೆ ‘ಕಾಲ್ಪನಿಕ’ ಎಂಬ ಹೆಸರು ಬಿದ್ದಿತ್ತು. ಕಾರ್ಖಾನೆಯ ಜನಕ್ಕೆ ಕಾಲ್ಪನಿಕ ಸಂಖ್ಯೆಯಿಂದ ಆಗಬೇಕಾದ್ದೇನು? ಅದನ್ನು ಕಾಲು ಸುತ್ತು ತಿರುಗಿಸುವ ಆಜ್ಞೆಯೆಂದು ತಿಳಿದುಕೊಂಡರೆ ಎಲ್ಲವೂ ಸರಳವಾಗುತ್ತದೆ. ಶಾಲೆಯ ಕವಾಯತಿನಲ್ಲಿ ‘ಎಡಕ್ಕೆ ತಿರುಗು’ ಎಂದು ಎರಡು ಬಾರಿ ಹೇಳಿದರೆ ಹುಡುಗನ ಮುಖ ಮೊದಲಿದ್ದ ದಿಕ್ಕಿಗೆ ನೇರ ವಿರುದ್ಧವಾಗುತ್ತದೆ. ಆ ಆಜ್ಞೆಯನ್ನು ಎರಡು ಬಾರಿ ಪ್ರಯೋಗಿಸಿದರೆ ಧನ ಒಂದು ಋಣ ಒಂದಾಯಿತು. ಆದ್ದರಿಂದ ಅದು ಋಣ ಒಂದರ ವರ್ಗಮೂಲ. ಇಂಜಿನಿಯರುಗಳು ಅದನ್ನು ‘ಜೆ’ ಎಂಬ ಅಕ್ಷರದಿಂದ ಗುರುತಿಸುತ್ತಾರೆ. ಮೇಲಿನ 3 ಮತ್ತು 4 ವೋಲ್ಟುಗಳನ್ನು ‘3 ಕೂಡು 4 ಜೆ’ ಎಂದು ಬರೆದುಬಿಟ್ಟರೆ, ಎಷ್ಟು ಬಾಣಗಳಿದ್ದರೂ ಅವನ್ನು ಸಾಮಾನ್ಯ ಬೀಜಗಣಿತದ ಕ್ರಮದಲ್ಲಿ ಕೂಡಬಹುದು, ಕಳೆಯಬಹುದು, ಗುಣಿಸಬಹುದು, ಭಾಗಿಸಬಹುದು. ಸಂಮಿಶ್ರ ಸಂಖ್ಯೆಗಳನ್ನು ಸ್ಟೈನ್‌ಮೆಟ್ಸ್ ಸೃಷ್ಟಿಸಿದವನಲ್ಲ; ವಿದ್ಯುತ್ತಿಗೆ ಅವನ್ನು ಅನ್ವಯಿಸುವ ಯೋಚನೆಯೂ ಅವನೊಬ್ಬನದೇ ಅಲ್ಲ. ಆದರೆ ಅವುಗಳಿಂದ ಒಂದು ಪೂರ್ಣವಾದ ವಿಧಾನವನ್ನು ಕಟ್ಟಿ, ಮೋಟಾರು, ಪರಿವರ್ತಕ, ತಂತಿಮಾರ್ಗ ಎಲ್ಲಕ್ಕೂ ಬಳಸಿ ತೋರಿಸಿದವನು ಅವನು. 1893ರಲ್ಲಿ ಷಿಕಾಗೊ ನಗರದ ಅಂತರರಾಷ್ಟ್ರೀಯ ವಿದ್ಯುತ್ ಸಮ್ಮೇಳನದಲ್ಲಿ ಅದನ್ನು ಮಂಡಿಸಿದಾಗ ಅರ್ಥಮಾಡಿಕೊಂಡವರು ಕೆಲವರೇ. 1897ರಲ್ಲಿ ಅದೇ ವಿಷಯವನ್ನು ವಿವರಿಸಿ ಅವನು ಪ್ರಕಟಿಸಿದ ದೊಡ್ಡ ಪುಸ್ತಕವೂ ಬಹಳ ಮಂದಿಗೆ ಕಷ್ಟವಾಯಿತು.

ಇಲ್ಲಿ ಅವನ ಸ್ವಭಾವ ಕಾಣುತ್ತದೆ. ಓದುಗರಿಗೆ ಬುದ್ಧಿ ಸಾಲದೆಂದು ಅವನು ದೂರಲಿಲ್ಲ. ಅವರಿಗೆ ಗಣಿತದ ತಳಹದಿಯೇ ಇಲ್ಲವೆಂಬುದನ್ನು ಕಂಡುಕೊಂಡು, ಆ ತಳಹದಿಯನ್ನು ಹಾಕಲು ಮತ್ತೆ ಮತ್ತೆ ಪುಸ್ತಕಗಳನ್ನು ಬರೆದನು. ವಿದ್ಯುತ್ ಇಂಜಿನಿಯರಿಂಗಿನ ಮೂಲತತ್ತ್ವಗಳನ್ನು ತಿಳಿಸುವುದು ಒಂದು; ಇಂಜಿನಿಯರಿಗೆ ಬೇಕಾದ ಗಣಿತವನ್ನು ಹೇಳಿಕೊಡುವುದು, 1911ರಲ್ಲಿ ಬಂದದ್ದು, ಇನ್ನೊಂದು. ಅವನ ಹೆಸರಿನಲ್ಲಿ ಸುಮಾರು ಇನ್ನೂರು ಪೇಟೆಂಟುಗಳಿದ್ದರೂ ಈ ಪುಸ್ತಕಗಳ ಪ್ರಭಾವ ಅವುಗಳಿಗಿಂತ ದೀರ್ಘಕಾಲ ಉಳಿದಿದೆ. ಅವನ ಹೆಸರನ್ನು ಕೇಳದ ವಿದ್ಯಾರ್ಥಿಯೂ ‘ಜೆ’ಯನ್ನು ಬಳಸಿಯೇ ಪರ್ಯಾಯ ಪ್ರವಾಹದ ಲೆಕ್ಕ ಮಾಡುತ್ತಾನೆ.

ಈ ಲೆಕ್ಕದ ಬಲ ನಮ್ಮ ನಾಡಿಗೂ ಬಂದು ಮುಟ್ಟಿತು. ದಿವಾನ್ ಕೆ. ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ ಮೈಸೂರು ಸರ್ಕಾರವು ಶಿವನಸಮುದ್ರದಲ್ಲಿ ಕಾವೇರಿಯ ಜಲಪಾತದಿಂದ ವಿದ್ಯುತ್ತನ್ನು ಪಡೆಯಲು ನಿರ್ಧರಿಸಿದಾಗ, ವಿದ್ಯುತ್ ಯಂತ್ರಗಳು ಬಂದದ್ದು ಸ್ಟೈನ್‌ಮೆಟ್ಸ್ ದುಡಿಯುತ್ತಿದ್ದ ಜನರಲ್ ಎಲೆಕ್ಟ್ರಿಕ್ ಕಂಪನಿಯಿಂದಲೇ. 1902ರ ಜೂನ್ 30ರಂದು ಆ ಶಕ್ತಿಯು ಸುಮಾರು 147 ಕಿಲೋಮೀಟರ್ ದೂರದ ಕೋಲಾರದ ಚಿನ್ನದ ಗಣಿಗಳನ್ನು ತಲುಪಿತು. ಆ ಕಾಲಕ್ಕೆ ಅದು ಪ್ರಪಂಚದ ಅತಿ ಉದ್ದವಾದ ವಿದ್ಯುತ್ ಮಾರ್ಗಗಳಲ್ಲಿ ಒಂದು. 1905ರಲ್ಲಿ ಬೆಂಗಳೂರಿನ ಬೀದಿಗಳಿಗೂ ಅಲ್ಲಿಂದಲೇ ಬೆಳಕು ಬಂದಿತು. ಇಷ್ಟು ದೂರ ಹರಿದು ಬಂದುದು ಪರ್ಯಾಯ ಪ್ರವಾಹವೇ.

1902ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾನಿಲಯ ಅವನಿಗೆ ಗೌರವ ಪದವಿಯನ್ನಿತ್ತಿತು. ಮರುವರ್ಷ ಸ್ಕೆನೆಕ್ಟಡಿಯ ಯೂನಿಯನ್ ಕಾಲೇಜು ಡಾಕ್ಟರ್ ಪದವಿಯನ್ನು ಕೊಟ್ಟಿತು; ಬ್ರೆಸ್ಲೌ ನಗರದಲ್ಲಿ ಕೈತಪ್ಪಿದ್ದು ಹದಿನೈದು ವರ್ಷಗಳ ಮೇಲೆ ಬೇರೊಂದು ಖಂಡದಲ್ಲಿ ದೊರೆಯಿತು. ಅದೇ ಕಾಲೇಜಿನಲ್ಲಿ ಅವನು ವಿದ್ಯುತ್ ಇಂಜಿನಿಯರಿಂಗ್ ವಿಭಾಗದ ಮುಖ್ಯಸ್ಥನಾಗಿ 1913ರವರೆಗೆ ನಡೆದುಕೊಂಡನು. ಬಳಿಕವೂ ಕೊನೆಯವರೆಗೆ ಪ್ರಾಧ್ಯಾಪಕನಾಗಿಯೇ ಇದ್ದನು. ಕಂಪನಿಯ ಕೆಲಸವನ್ನಂತೂ ಬಿಡಲಿಲ್ಲ.

ಕಾಲೇಜಿಗೆ ಬರುವವರಿಗಷ್ಟೇ ವಿದ್ಯೆ ಎಂಬುದನ್ನು ಅವನು ಒಪ್ಪುವವನಲ್ಲ. 1911ರ ಚುನಾವಣೆಯಲ್ಲಿ ಸಮಾಜವಾದಿಯಾದ ಜಾರ್ಜ್ ಲನ್ ಸ್ಕೆನೆಕ್ಟಡಿಯ ಮೇಯರ್ ಆಗಿ ಗೆದ್ದಾಗ, ಊರಿನ ಶಿಕ್ಷಣ ಮಂಡಲಿಗೆ ಸ್ಟೈನ್‌ಮೆಟ್ಸನನ್ನು ನೇಮಿಸಿದನು. ಅವನು ಅದರ ಅಧ್ಯಕ್ಷನೂ ಆದನು. ಕಾರ್ಖಾನೆ ಬೆಳೆದಂತೆ ಊರೂ ಬೆಳೆದು, ಶಾಲೆಗಳಲ್ಲಿ ಮಕ್ಕಳಿಗೆ ಕೂರಲು ಜಾಗ ಸಾಲದಾಗಿತ್ತು. ಹೊಸ ಶಾಲೆಗಳು, ಉಚಿತ ಪಠ್ಯಪುಸ್ತಕಗಳು, ಶಾಲೆಗೇ ಬಂದು ಮಕ್ಕಳನ್ನು ನೋಡುವ ದಾದಿಯರು, ಇಂಗ್ಲಿಷ್ ಬಾರದ ವಲಸೆಗಾರರ ಮಕ್ಕಳಿಗೆ ಪ್ರತ್ಯೇಕ ತರಗತಿಗಳು ಇವೆಲ್ಲಕ್ಕಾಗಿ ಅವನು ದುಡಿದನು. ಕೊನೆಯದಕ್ಕೆ ಅವನು ಏಕೆ ಒತ್ತುಕೊಟ್ಟನೆಂಬುದನ್ನು ಅವನ ಕಥೆ ಬಲ್ಲವರು ಊಹಿಸಬಹುದು. ವಿಶ್ವವಿಖ್ಯಾತನಾದ ಇಂಜಿನಿಯರು ಶಾಲೆಗಳ ಜಾಗ, ಪುಸ್ತಕಗಳ ಚಿಂತೆಯಲ್ಲಿ ಮುಳುಗುವುದು ವ್ಯರ್ಥವೆಂದು ಕೆಲವರಿಗೆ ತೋರಬಹುದು. ಅವನಿಗೆ ಹಾಗೆ ತೋರಲಿಲ್ಲ.

ತನ್ನ ದೇಹದ ನ್ಯೂನತೆ ಮಕ್ಕಳಿಗೂ ಬಂದೀತೆಂಬ ಅಂಜಿಕೆಯಿಂದ ಅವನು ಮದುವೆಯಾಗಲಿಲ್ಲ. ಆದರೆ ಒಂಟಿಯಾಗಿ ಉಳಿಯಲೂ ಇಲ್ಲ. ಪ್ರಯೋಗಶಾಲೆಯ ಸಹಾಯಕನಾದ ಜೋಸೆಫ್ ಹೇಡನ್ ಎಂಬುವನನ್ನು ಮಗನಾಗಿ ದತ್ತು ಪಡೆದು, ಅವನನ್ನೂ ಅವನ ಹೆಂಡತಿಯನ್ನೂ ಮನೆಗೆ ಕರೆತಂದನು. ಅವರ ಮೂವರು ಮಕ್ಕಳಿಗೆ ಇವನೇ ಅಜ್ಜ. ಮನೆಯ ಗಾಜಿನ ತೋಟದಲ್ಲಿ ಪಾಪಾಸುಕಳ್ಳಿಗಳನ್ನೂ ಸೀತೆಯ ದಂಡೆಗಳನ್ನೂ ಬೆಳೆಸಿದ್ದನು, ಮೊಸಳೆಮರಿಗಳನ್ನು ಸಾಕಿದ್ದನು. ಬೇಸಗೆಯಲ್ಲಿ ಮೊಹಾಕ್ ನದಿಯ ಬಳಿ ಕಟ್ಟಿಸಿದ್ದ ಮರದ ಬಿಡಾರಕ್ಕೆ ಹೋಗಿ, ದೋಣಿಗೆ ಅಡ್ಡಲಾಗಿ ಒಂದು ಹಲಗೆಯನ್ನಿಟ್ಟು, ಕಾಗದಗಳನ್ನು ಹರಡಿಕೊಂಡು ನೀರಿನ ಮೇಲೆ ತೇಲುತ್ತ ಲೆಕ್ಕ ಮಾಡುತ್ತಿದ್ದನು.

1920ರಲ್ಲಿ ಆ ಬಿಡಾರಕ್ಕೆ ಸಿಡಿಲು ಬಡಿಯಿತು. ಗೋಡೆಯ ಕನ್ನಡಿ ಚೂರುಚೂರಾಯಿತು. ಬೇರೆಯವರಾದರೆ ಚೂರುಗಳನ್ನು ಗುಡಿಸಿ ಹಾಕುತ್ತಿದ್ದರು. ಇವನು ಒಂದೊಂದನ್ನೂ ಆಯ್ದು, ಎರಡು ಗಾಜಿನ ಹಲಗೆಗಳ ನಡುವೆ ಮೊದಲಿನಂತೆ ಜೋಡಿಸಿ, ಸಿಡಿಲು ಹಾದುಹೋದ ದಾರಿಯನ್ನು ಪರಿಶೀಲಿಸಿದನು. ಮಲೆಗಳ ಮೇಲೆ ಹಾದುಹೋಗುವ ವಿದ್ಯುತ್ ಮಾರ್ಗಗಳಿಗೆ ಸಿಡಿಲೇ ದೊಡ್ಡ ಶತ್ರು. ಅದನ್ನು ತಡೆಯುವ ಸಾಧನಗಳನ್ನು ಪರೀಕ್ಷಿಸಬೇಕಾದರೆ ಸಿಡಿಲು ಬೀಳುವ ದಿನಕ್ಕಾಗಿ ಕಾಯುತ್ತ ಕೂರುವಂತಿಲ್ಲ. ಆದ್ದರಿಂದ ಪ್ರಯೋಗಶಾಲೆಯಲ್ಲಿಯೇ ಸಿಡಿಲನ್ನು ಹುಟ್ಟಿಸುವ ಯಂತ್ರವೊಂದನ್ನು ನಿರ್ಮಿಸಿದನು. ಅನೇಕ ಗಾಜಿನ ಫಲಕಗಳ ಸಾಲಿನಲ್ಲಿ ವಿದ್ಯುತ್ತನ್ನು ನಿಧಾನವಾಗಿ ಶೇಖರಿಸಿ, ಒಮ್ಮೆಗೇ ಬಿಟ್ಟುಬಿಡುವುದು ಅದರ ಉಪಾಯ. ಒಂದು ಲಕ್ಷ ವೋಲ್ಟಿಗೂ ಮಿಕ್ಕ ಒತ್ತಡದಲ್ಲಿ, ಕಣ್ಣುಮಿಟುಕಿಸುವುದಕ್ಕಿಂತ ಎಷ್ಟೋ ಕಡಿಮೆ ಕಾಲದಲ್ಲಿ, ಭಾರಿ ಶಬ್ದದೊಡನೆ ಮರದ ತುಂಡುಗಳು ಸಿಡಿದು ಚೂರಾಗುತ್ತಿದ್ದವು. 1922ರಲ್ಲಿ ಇದನ್ನು ಕಂಡ ಪತ್ರಿಕೆಗಳು ಅವನನ್ನು ಮಾಂತ್ರಿಕನೆಂದು ಕರೆದವು. ಅದೇ ವರ್ಷ ಎಡಿಸನ್ ಕೂಡ ಬಂದು ನೋಡಿದನು. ಎಡಿಸನ್ನನಿಗೆ ಕಿವಿ ಮಂದ. ಸ್ಟೈನ್‌ಮೆಟ್ಸ್ ಅವನ ಮಂಡಿಯ ಮೇಲೆ ಬೆರಳಿನಿಂದ ತಂತಿಯ ಸಂಕೇತಗಳನ್ನು ತಟ್ಟಿ ಮಾತನಾಡಿದನೆಂದು ಹೇಳುತ್ತಾರೆ.

ಹೆನ್ರಿ ಫೋರ್ಡನ ಕಾರ್ಖಾನೆಯಲ್ಲಿ ಕೆಟ್ಟ ಯಂತ್ರವೊಂದರ ಮೇಲೆ ಅವನು ಸೀಮೆಸುಣ್ಣದ ಗೆರೆಯೆಳೆದು ದೋಷವನ್ನು ತೋರಿಸಿ, ‘ಗೆರೆಗೆ ಒಂದು ಡಾಲರ್, ಎಲ್ಲಿ ಎಳೆಯಬೇಕೆಂಬುದನ್ನು ತಿಳಿದುದಕ್ಕೆ 9,999 ಡಾಲರ್’ ಎಂದು ಬಿಲ್ಲು ಕಳುಹಿಸಿದನೆಂಬ ಕಥೆಯೂ ಬಹಳ ಪ್ರಚಾರದಲ್ಲಿದೆ. ಕಥೆ ಸೊಗಸಾಗಿದೆ, ಆದರೆ ತಾನು ತಿಳಿದುದನ್ನೆಲ್ಲ ಪುಸ್ತಕಗಳಲ್ಲಿ ಬರೆದು ಊರಿಗೆಲ್ಲ ಹಂಚಿದವನಿಗೆ ಅದು ಅಷ್ಟಾಗಿ ಒಪ್ಪುವುದಿಲ್ಲ.

1923ರ ಶರತ್ಕಾಲದಲ್ಲಿ ಅವನು ಮನೆಯವರೊಡನೆ ಅಮೆರಿಕದ ಪಶ್ಚಿಮ ತೀರದವರೆಗೆ ಪ್ರವಾಸ ಮಾಡಿ ಬಂದನು. ದಾರಿಯ ಆಯಾಸ ದುರ್ಬಲ ದೇಹಕ್ಕೆ ಹೆಚ್ಚಾಯಿತು. ಅಕ್ಟೋಬರ್ 26ರ ಬೆಳಿಗ್ಗೆ ಹಾಸಿಗೆಯಲ್ಲಿಯೇ ಹೃದಯ ನಿಂತು ತೀರಿಕೊಂಡನು. ಆಗ ಅವನಿಗೆ 58 ವರ್ಷ. ಷಿಕಾಗೊ ನಗರದ ಒಂದು ಪ್ರೌಢಶಾಲೆಗೆ ಅವನ ಹೆಸರನ್ನಿಟ್ಟರು. ನದಿಯ ಬಳಿಯ ಮರದ ಬಿಡಾರವನ್ನು ಹೆನ್ರಿ ಫೋರ್ಡನೇ ಪಡೆದು ಡಿಯರ್‌ಬಾರ್ನ್ ನಗರದ ತನ್ನ ವಸ್ತುಸಂಗ್ರಹಾಲಯದ ಬಯಲಿಗೆ ಸಾಗಿಸಿದನು. ಅಲ್ಲಿಗೆ ಹೋದವರು ಆ ಪುಟ್ಟ ಮನೆಯನ್ನು ಈಗಲೂ ನೋಡಬಹುದು.